ಏಪ್ರಿಲ್‌ಗೆ ಮುಂಚೆ ನಿವೃತ್ತರಾದವರು
ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಹಳ್ಳಿ-ಹಾಡಿಗಳಲ್ಲಿ ದುಡಿದು ನಿವೃತ್ತರಾದ ಅಂಗನವಾಡಿ ಕಾರ್ಯಕರ್ತೆಯರಿಗೆ ಗ್ರಾಚ್ಯುಟಿ ಸಲ್ಲಬೇಕೇ ಎಂಬ ಪ್ರಶ್ನೆಯನ್ನು ಸುಪ್ರೀಂ ಕೋರ್ಟ್ 2022ರ ಏಪ್ರಿಲ್ 25ರಂದೇ ಬಗೆಹರಿಸಿದೆ. ಅವರು ಪಡೆಯುವುದು ಗೌರವಧನ, ವೇತನವಲ್ಲ ಎಂಬ ವಾದ ಅಲ್ಲಿ ನಿಲ್ಲಲಿಲ್ಲ. 1972ರ ಗ್ರಾಚ್ಯುಟಿ ಪಾವತಿ ಕಾಯ್ದೆ ಅವರಿಗೂ ಅನ್ವಯ ಎಂದು ತೀರ್ಪಾಯಿತು. ನಮ್ಮ ರಾಜ್ಯ ಸರ್ಕಾರವೂ ಒಪ್ಪಿತು, ಆದರೆ 2023ರ ಏಪ್ರಿಲ್‌ನಿಂದೀಚೆಗೆ ನಿವೃತ್ತರಾದವರಿಗೆ. ಈ ಗೆರೆ ನನಗೆ ಅನ್ಯಾಯವಾಗಿಯೇ ಕಾಣುತ್ತದೆ. ಕೋರ್ಟ್ ಹೊಸ ಹಕ್ಕನ್ನೇನೂ ಸೃಷ್ಟಿಸಲಿಲ್ಲ, ಮೊದಲೇ ಇದ್ದ ಕಾಯ್ದೆಯ ಅರ್ಥ ಹೇಳಿತು. ಹಾಗಿದ್ದಮೇಲೆ ಹಿಂದಿನವರ ದುಡಿಮೆ ಲೆಕ್ಕದಿಂದ ಹೊರಗೇಕೆ? ಬೊಕ್ಕಸಕ್ಕೆ ಹೊರೆ ಎನ್ನುತ್ತಾರೆ, ಹೊರೆ ನಿಜ. ಆದರೆ ಕೇಳುತ್ತಿರುವುದು ಸೇವೆಯ ಪ್ರತಿ ವರ್ಷಕ್ಕೆ 15 ದಿನದ ಸಂಬಳ, ಅದೂ ಆ ಸಣ್ಣ ಗೌರವಧನದ ಲೆಕ್ಕದಲ್ಲಿ. ಕಂತಿನಲ್ಲಾದರೂ ಕೊಡಲಿ, ಅರವತ್ತು ದಾಟಿದ ಹೆಣ್ಣುಮಕ್ಕಳನ್ನು ಒಬ್ಬೊಬ್ಬರಾಗಿ ಅರ್ಜಿ ಹಿಡಿದು ಅಲೆಯಲು ಬಿಡಬಾರದು.