ಸಮುದ್ರದ ಹಗೇವು

ಹುಲಗೂರಿನಲ್ಲಿ ಕುಳಿತು ಸಮುದ್ರದ ಮಾತು ಬರೆಯುವೆವೆಂದರೆ ವಾಚಕರಲ್ಲಿ ಕೆಲವರಿಗೆ ನಗೆ ಬಂದೀತು. ನಮ್ಮದು ಒಕ್ಕಲುತನದ ಸೀಮೆ. ನಾವು ಬಲ್ಲದ್ದು ಹತ್ತಿ, ಜೋಳ, ಮೆಣಸಿನಕಾಯಿ. ಕಾರವಾರದ ದಂಡೆ ನಮಗೆ ನೂರೈವತ್ತು ಕಿಲೋಮೀಟರಿಗೂ ಮಿಕ್ಕಿದ ದೂರ. ನಡುವೆ ಸಹ್ಯಾದ್ರಿಯ ಘಟ್ಟ ಬೇರೆ. ಅಷ್ಟೇ ಏಕೆ, ಆ ಪಡುವಣ ಸಮುದ್ರಕ್ಕೆ ನಮ್ಮೂರ ನೀರು ಒಂದು ಹನಿಯೂ ಹೋಗುವದಿಲ್ಲ. ನಮ್ಮ ಹಳ್ಳಕೊಳ್ಳಗಳೆಲ್ಲ ಕೊನೆಗೆ ಕೃಷ್ಣೆಯನ್ನು ಕೂಡಿಕೊಂಡು ಮೂಡಣದ ಬಂಗಾಲ ಉಪಸಾಗರವನ್ನು ಸೇರುವವು. ಆದರೂ ನಮ್ಮ ಮನೆಗೂ ಸಮುದ್ರದ ತಳಕ್ಕೂ ಒಂದು ಸಂಬಂಧವುಂಟು. ಅದನ್ನೇ ಇಲ್ಲಿ ಹೇಳಬೇಕೆಂದಿರುವೆವು.

ಕೆಲವು ವರುಷಗಳ ಕೆಳಗೆ ಬೇಸಿಗೆಯ ಸೂಟಿಯಲ್ಲಿ ನಾವು ಮನೆಮಂದಿಯೆಲ್ಲ ಕಾರವಾರಕ್ಕೆ ಹೋಗಿದ್ದೆವು. ಮಳೆಗಾಲದ ಮುಂಗಾಳಿ ಬೀಸತೊಡಗಿತ್ತು. ಉಸುಕಿನಲ್ಲಿ ಆಡುತ್ತಿದ್ದ ಹುಡುಗರ ಅಂಗಾಲಿಗೆ ಡಾಂಬರಿನಂಥ ಕರಿಯ ಉಂಡೆಗಳು ಮೆತ್ತಿಕೊಂಡವು. ತಿಕ್ಕಿದರೆ ಹೋಗವು, ತೊಳೆದರೆ ಹೋಗವು. ಹಡಗುಗಳಿಂದ ಚೆಲ್ಲಿದ ಕಲ್ಲೆಣ್ಣೆಯು ಬಿಸಿಲು ಗಾಳಿಗಳಿಗೆ ಸಿಕ್ಕು, ಗಟ್ಟಿಯಾಗಿ, ಹೀಗೆ ಮಳೆಗಾಲದ ಮೊದಲಿಗೆ ದಡಕ್ಕೆ ಬಂದು ಬೀಳುವದುಂಟು. ನಮ್ಮ ಸೋದರತ್ತೆಯವರು ಕೊಬ್ಬರಿ ಎಣ್ಣೆಯಲ್ಲಿ ಅರಿವೆ ಅದ್ದಿ ಹುಡುಗರ ಕಾಲು ಒರಸುತ್ತ, “ಇರಲಿ ಬಿಡೋ ತಮ್ಮಾ, ಸಮುದ್ರಕ್ಕ ಹೊಲಸು ಹತ್ತತೈತೇನು? ಅದು ಎಲ್ಲಾನೂ ನುಂಗಿ ಅರಗಿಸ್ಕೊಂತೈತಿ” ಎಂದರು.

ಆ ಮಾತು ನಮ್ಮ ಮನಸ್ಸಿನಲ್ಲಿ ನಿಂತಿತು. ಅದರಲ್ಲಿ ಅರ್ಧ ನಿಜವಿದೆಯೆಂಬುದು ಆಮೇಲೆ ಓದಿ ತಿಳಿಯಿತು. ಉಳಿದ ಅರ್ಧವೂ ತಿಳಿಯಿತು.

ಸಮುದ್ರವು ಎಣ್ಣೆಯನ್ನು ಅರಗಿಸುವದು ನಿಜ. ಆದರೆ ಅರಗಿಸುವದು ನೀರಲ್ಲ. ಹಾಲನ್ನು ಮೊಸರು ಮಾಡುವದು ಗಡಿಗೆಯಲ್ಲ, ಅದರಲ್ಲಿ ಹಾಕಿದ ಹೆಪ್ಪು, ಹಾಗೆಯೇ ಇದೂ. ಒಂದು ಚಮಚ ಸಮುದ್ರದ ರಾಡಿಯಲ್ಲಿ ನೂರಾರು ಕೋಟಿ ಸೂಕ್ಷ್ಮಜೀವಿಗಳಿರುತ್ತವೆ. ಅವುಗಳಲ್ಲಿ ಕೆಲವಕ್ಕೆ ಕಲ್ಲೆಣ್ಣೆಯೇ ಆಹಾರ. ಇದರಲ್ಲಿ ಸೋಜಿಗವೇನೂ ಇಲ್ಲ. ಮನುಷ್ಯನು ಹಡಗು ಕಟ್ಟುವದಕ್ಕಿಂತ ಲಕ್ಷಾಂತರ ವರುಷ ಮೊದಲಿನಿಂದಲೂ ಸಮುದ್ರತಳದ ಬಿರುಕುಗಳಿಂದ ಕಲ್ಲೆಣ್ಣೆಯು ತಾನಾಗಿಯೇ ಒಸರುತ್ತ ಬಂದಿದೆ. ಜರ್ಮನಿಯ ಬೋರ್ಕುಮ್ ದ್ವೀಪದ ಹತ್ತಿರ ದೊರೆತ ಇಂಥ ಒಂದು ಜೀವಿಗೆ 1998ರಲ್ಲಿ ಆ ಊರಿನ ಹೆಸರನ್ನೇ ಕೂಡಿಸಿ ಆಲ್ಕಾನಿವೊರಾಕ್ಸ್ ಬೋರ್ಕುಮೆನ್ಸಿಸ್ ಎಂದು ಕರೆದರು. ಎಣ್ಣೆಯಿಲ್ಲದ ನೀರಿನಲ್ಲಿ ಇದರ ಸಂಖ್ಯೆ ಅತ್ಯಲ್ಪ. ಎಣ್ಣೆ ಬಿದ್ದಿತೋ, ಕೆಲವೇ ದಿನಗಳಲ್ಲಿ ಹೇರಳವಾಗಿ ಬೆಳೆಯುವದು. ಅಂಟವಾಳದ ನೊರೆಯಂಥದೊಂದು ಪದಾರ್ಥವನ್ನು ತಾನೇ ಹುಟ್ಟಿಸಿಕೊಂಡು, ಎಣ್ಣೆಯನ್ನು ಸಣ್ಣ ಸಣ್ಣ ಹನಿಗಳಾಗಿ ಒಡೆದು ತಿನ್ನುವದು. ತಿಂದದ್ದರಲ್ಲಿ ಒಂದು ಪಾಲು ಅದರ ಮೈಯಾಗುವದು. ಉಳಿದದ್ದು ನೀರೂ ಇಂಗಾಲದ ವಾಯುವೂ ಆಗಿ ಹೋಗುವದು.

ಆದರೆ ಈ ಒಕ್ಕಲಿಗನಿಗೂ ಗಾಳಿ ಬೇಕು, ಗೊಬ್ಬರ ಬೇಕು. ತಿಪ್ಪೆಯನ್ನು ತಿರುವಿ ಹಾಕದಿದ್ದರೆ ಕಸವು ಬೇಗ ಕಳಿಯುವದಿಲ್ಲವೆಂಬುದು ನಮ್ಮ ಹೆಂಗಸರಿಗೂ ತಿಳಿದ ಮಾತು. ಎಣ್ಣೆಯಲ್ಲಿ ಇಂಗಾಲವೇನೋ ಬೇಕಾದಷ್ಟಿದೆ. ಸಾರಜನಕವೂ ರಂಜಕವೂ ಸಾಲವು. ಆದ್ದರಿಂದಲೇ 1989ರಲ್ಲಿ ಅಲಾಸ್ಕಾದ ದಂಡೆಯ ಬಳಿ ಎಕ್ಸಾನ್ ವಾಲ್ಡೀಜ್ ಎಂಬ ಹಡಗು ಬಂಡೆಗೆ ತಾಗಿ ಎಣ್ಣೆ ಚೆಲ್ಲಿದಾಗ, ಅಲ್ಲಿಯ ದಡದ ಕಲ್ಲುಗಳ ಮೇಲೆ ಹೊಲಕ್ಕೆ ಹಾಕುವಂತೆ ಗೊಬ್ಬರ ಹಾಕಿದರು. ಗೊಬ್ಬರ ಬಿದ್ದಲ್ಲಿ ಎಣ್ಣೆಯು ಬೇಗ ಕರಗುತ್ತ ಬಂದಿತು.

ಇದು ದಡದ ಮೇಲಿನ ಮಾತಾಯಿತು. ತಳಕ್ಕೆ ಹೋದ ಎಣ್ಣೆಯ ಗತಿಯೇ ಬೇರೆ. ನಮ್ಮ ಕಾರವಾರದಲ್ಲಿಯೇ ಇಂಥ ಸಂಕಟವೊಂದು ಒದಗಿತ್ತು. 2006ನೆಯ ಇಸವಿ ಮೇ 30ರಂದು ಓಷನ್ ಸೆರಾಯಾ ಎಂಬ ಸರಕಿನ ಹಡಗು ಊರೆದುರಿನ ಸಮುದ್ರದಲ್ಲಿ ಬಂಡೆಗಳಿಗೆ ಸಿಕ್ಕಿಕೊಂಡಿತು. ಅದರಲ್ಲಿ ಸುಮಾರು 650 ಟನ್ನು ಇಂಧನದ ಎಣ್ಣೆಯಿತ್ತು. ಮಳೆಗಾಲ ಆಗತಾನೆ ಹಿಡಿದಿತ್ತು; ತೆರೆಗಳ ಹೊಡೆತಕ್ಕೆ ಹಡಗು ಒಡೆಯಿತು; ಎಣ್ಣೆಯು ಹರಡಿ ದಕ್ಷಿಣ ಗೋವೆಯ ದಂಡೆಯವರೆಗೆ ಮುಟ್ಟಿತು. ಹೀಗೆ ಚೆಲ್ಲಿದ ಎಣ್ಣೆಯಲ್ಲಿ ಹಗುರಾದ ಪಾಲು ಆವಿಯಾಗಿ ಹೋಗುವದು. ಭಾರವಾದದ್ದು ತೆರೆಗೆ ಸಿಕ್ಕು ಕಡೆದ ಮಜ್ಜಿಗೆಯಂತಾಗಿ, ಹೊಳೆಗಳು ತಂದ ಮಣ್ಣಿನ ಕಣಗಳಿಗೂ ಸತ್ತ ಪಾಚಿಗೂ ಅಂಟಿಕೊಂಡು ಮೆಲ್ಲನೆ ಮುಳುಗುವದು. ನೋಡುವವರ ಕಣ್ಣಿಗೆ ನೀರು ತಿಳಿಯಾಯಿತು, ಸಮುದ್ರವು ನುಂಗಿತೆನ್ನುವರು. ನುಂಗಿದ್ದೇನೋ ಹೌದು, ಅರಗಿತೇ?

ಇಲ್ಲಿ ನಮಗೆ ನಮ್ಮ ಸೀಮೆಯ ಹಗೇವು ನೆನಪಾಗುವದು. ಇಂದಿನ ಮಕ್ಕಳು ಅದನ್ನು ಕಂಡಿಲ್ಲ. ಹಿಂದೆ ಮನೆಯ ಮುಂದೆಯೋ ಊರ ಬಯಲಿನಲ್ಲಿಯೋ ಗಟ್ಟಿ ನೆಲದಲ್ಲಿ ಆಳವಾದ ಕುಣಿ ತೋಡಿ, ಒಳಗೆ ಹುಲ್ಲು ಹಾಸಿ ಜೋಳ ತುಂಬಿ, ಬಾಯಿಗೆ ಕಲ್ಲು ಮುಚ್ಚಿ ಮಣ್ಣು ಮೆತ್ತುತ್ತಿದ್ದರು. ಒಳಗಿನ ಪ್ರಾಣವಾಯುವು ಬೇಗ ತೀರಿಹೋಗುವದು, ಹುಳು ಬದುಕದು, ಜೋಳವು ವರುಷಗಟ್ಟಲೆ ಕೆಡದೆ ಉಳಿಯುವದು. ಹಗೇವು ತೆಗೆದ ದಿನ ಒಮ್ಮೆಗೇ ಯಾರೂ ಇಳಿಯುತ್ತಿರಲಿಲ್ಲ. ಮೊದಲು ಬಾಯಿ ತೆರೆದಿಟ್ಟು, ದೀಪವನ್ನು ಹಗ್ಗಕ್ಕೆ ಕಟ್ಟಿ ಬಿಡುವರು. ದೀಪ ನಂದಿದರೆ ಒಳಗೆ ಉಸಿರಿಲ್ಲವೆಂದು ತಿಳಿಯುವರು.

ಸಮುದ್ರತಳದ ರಾಡಿಯೂ ಇಂಥದೇ ಒಂದು ಹಗೇವು. ದಡದ ಸಮೀಪದ ನುಣ್ಣನೆಯ ರಾಡಿಯಲ್ಲಿ ಪ್ರಾಣವಾಯುವು ಎಷ್ಟೋ ಕಡೆ ಮೇಲಿನ ಕೆಲವು ಮಿಲಿಮೀಟರುಗಳ ಕೆಳಗೆ ಇಳಿಯುವದೇ ಇಲ್ಲ. ಅದರ ಕೆಳಗೆ ಹೂತುಹೋದ ಎಣ್ಣೆಯ ಹತ್ತಿರ ಗಾಳಿ ಬೇಡುವ ಜೀವಿಗಳು ಸುಳಿಯಲಾರವು. ಅಲ್ಲಿಯೂ ದುಡಿಯುವವರು ಇಲ್ಲವೆಂದಲ್ಲ. ಸಮುದ್ರದ ನೀರಿನಲ್ಲಿರುವ ಗಂಧಕದ ಲವಣವನ್ನೇ ಗಾಳಿಯ ಬದಲಾಗಿ ಉಪಯೋಗಿಸಿಕೊಂಡು ಎಣ್ಣೆಯನ್ನು ತಿನ್ನುವ ಜೀವಿಗಳಿವೆಯೆಂದು ಜರ್ಮನಿಯ ವಿಜ್ಞಾನಿಗಳು 1991ರಲ್ಲಿ ತೋರಿಸಿಕೊಟ್ಟರು. ಕೊಳೆತ ತತ್ತಿಯಂತೆ ನಾರುವ ಕರಿಯ ರಾಡಿಯು ಇಂಥವರ ಮನೆಯ ಗುರುತು. ಆದರೆ ಅವರ ಕೆಲಸ ಬಹಳ ನಿಧಾನ. ಸಾದಾ ಪದಾರ್ಥಗಳನ್ನು ಹೇಗೋ ತಿಂದಾರು. ಬಳೆಯಂತೆ ಸುತ್ತುಹೆಣೆದ ವಿಷದ ಪದಾರ್ಥಗಳನ್ನೂ ಡಾಂಬರಿನ ಪಾಲನ್ನೂ ಕಾಲಾಂತರವೂ ಬಿಟ್ಟುಬಿಡುವರು.

ಇದಕ್ಕೆ ಒಂದು ದೃಷ್ಟಾಂತ. ಅಮೇರಿಕೆಯ ವೆಸ್ಟ್ ಫಾಲ್ಮತ್ ಎಂಬಲ್ಲಿ 1969ರ ಸಪ್ಟಂಬರದಲ್ಲಿ ಫ್ಲೋರಿಡಾ ಎಂಬ ದೋಣಿಯು ಒಡೆದು ಎಣ್ಣೆ ಚೆಲ್ಲಿತು. ಮೂವತ್ತು ವರುಷಗಳ ಮೇಲೆ ಕಡಲಂಚಿನ ಅಲ್ಲಿಯ ಜವುಗುನೆಲವನ್ನು ಅಗೆದು ನೋಡಿದರೆ, ಒಂದು ಗೇಣಿನೊಳಗಿನ ಆಳದಲ್ಲಿಯೇ ಆ ಎಣ್ಣೆ ಇನ್ನೂ ಇದ್ದಿತು! ಅಲ್ಲಿಯ ಏಡಿಗಳು ಎಣ್ಣೆಯ ಪದರು ತಾಕಿದೊಡನೆ ಬಿಲ ತೋಡುವದನ್ನು ಬಿಡುತ್ತಿದ್ದವೆಂದು 2007ರಲ್ಲಿ ಪ್ರಕಟವಾಯಿತು. ಏಡಿಯ ಬಿಲವೆಂದರೆ ಅಲ್ಪವಸ್ತುವಲ್ಲ. ನಮ್ಮ ಹೊಲಕ್ಕೆ ರಂಟೆ ಕುಂಟೆಗಳಿದ್ದಂತೆ ರಾಡಿಗೆ ಏಡಿ, ಹುಳುಗಳು. ಅವು ತೋಡಿದ ದಾರಿಯಿಂದಲೇ ಗಾಳಿಯು ಕೆಳಗಿಳಿಯುವದು. ಎಣ್ಣೆಯು ಉಳುವವನನ್ನೇ ಓಡಿಸಿದರೆ, ಹೊಲವು ತಾನಾಗಿ ಹದಕ್ಕೆ ಬರುವದೆಂತು?

ನಮ್ಮ ಪಡುವಣ ಸಮುದ್ರಕ್ಕೆ ಇನ್ನೊಂದು ಕಷ್ಟವುಂಟು. ಮಳೆಗಾಲದ ಕೊನೆಗೆ, ಅಗಸ್ಟದಿಂದ ಅಕ್ಟೋಬರದವರೆಗೆ, ಪ್ರಾಣವಾಯು ಕಡಿಮೆಯಿರುವ ಆಳದ ತಣ್ಣೀರು ಮೇಲೇರಿ ದಂಡೆಯ ಹತ್ತಿರದ ತಳವನ್ನು ಆವರಿಸುವದು. ಗೋವೆಯ ದೋನಾಪಾವುಲದಲ್ಲಿರುವ ರಾಷ್ಟ್ರೀಯ ಸಮುದ್ರವಿಜ್ಞಾನ ಸಂಸ್ಥೆಯವರು 1997ರಿಂದ ಕಾಂದೋಳಿಯ ಎದುರಿನ ನೀರನ್ನು ಪರೀಕ್ಷಿಸುತ್ತ ಬಂದು, ಆ ದಿನಗಳಲ್ಲಿ ತಳದ ನೀರಿನಲ್ಲಿ ಪ್ರಾಣವಾಯುವು ಪೂರ್ತಿ ತೀರಿಹೋಗಿ ಗಂಧಕದ ದುರ್ವಾಯು ಹುಟ್ಟುವದನ್ನೂ ಕಂಡಿರುವರು. ಅಂದರೆ ಹಗೇವಿನ ಬಾಯಿಗೆ ವರುಷಕ್ಕೊಮ್ಮೆ ಕಲ್ಲು ಇನ್ನೂ ಬಿಗಿಯಾಗಿ ಮುಚ್ಚಿದಂತಾಯಿತು.

ಹಾಗಾದರೆ ಹೊಸ ಹೆಪ್ಪನ್ನು ತಂದು ಹಾಕಬಾರದೇ ಎಂದು ಕೇಳಬಹುದು. ಬಂಗಾಲದಲ್ಲಿ ಹುಟ್ಟಿ ಅಮೇರಿಕೆಯಲ್ಲಿ ಕೆಲಸ ಮಾಡಿದ ಆನಂದಮೋಹನ ಚಕ್ರವರ್ತಿಯವರು ಎಣ್ಣೆಯ ಹಲವು ಪದಾರ್ಥಗಳನ್ನು ಒಟ್ಟಿಗೆ ತಿನ್ನಬಲ್ಲ ಸೂಕ್ಷ್ಮಜೀವಿಯೊಂದನ್ನು ಸಿದ್ಧಪಡಿಸಿದ್ದರು. ಅದಕ್ಕೆ ಹಕ್ಕುಪತ್ರ ಸಲ್ಲತಕ್ಕದ್ದೆಂದು ಅಲ್ಲಿಯ ಸುಪ್ರೀಂ ಕೋರ್ಟು 1980ರಲ್ಲಿ ತೀರ್ಪು ಕೊಟ್ಟು ಲೋಕವೆಲ್ಲ ಅವರ ಹೆಸರನ್ನು ಕೇಳಿತು. ಆದರೆ ಸಮುದ್ರತಳದಲ್ಲಿ ಕೊರತೆಯಾಗಿರುವದು ಬೀಜವಲ್ಲ. ಬೀಜವು ಅಲ್ಲಿ ಮೊದಲೇ ಬೇಕಾದಷ್ಟಿದೆ, ಇಲ್ಲದ್ದು ಗಾಳಿ. ಮೈಲುಗಟ್ಟಲೆ ಸಮುದ್ರತಳವನ್ನು ತಿರುವಿ ಹಾಕುವ ತಿಪ್ಪೆಯ ಸಲಿಕೆಯನ್ನು ಯಾರೂ ಮಾಡಿಲ್ಲ.

ಇನ್ನು ನಮ್ಮ ಮನೆಯ ಮಾತು. ಸಮುದ್ರಕ್ಕೆ ಎಣ್ಣೆ ಹೋಗುವದು ಒಡೆದ ಹಡಗುಗಳಿಂದ ಮಾತ್ರವೆಂದು ನಾವು ತಿಳಿದಿರುತ್ತೇವೆ. ಉತ್ತರ ಅಮೇರಿಕೆಯ ಸಮುದ್ರಗಳನ್ನು ಕುರಿತು ಅಲ್ಲಿಯ ರಾಷ್ಟ್ರೀಯ ವಿಜ್ಞಾನ ಪರಿಷತ್ತಿನವರು 2022ರಲ್ಲಿ ಪ್ರಕಟಿಸಿದ ವರದಿಯಲ್ಲಿ, ನೆಲದ ಮೇಲಿನಿಂದ ಹರಿದುಬರುವ ಎಣ್ಣೆಯ ಪಾಲೇ ದೊಡ್ಡದೆಂದು ಹೇಳಿದೆ. ಊರೂರಿನ ರಸ್ತೆಗಳಿಂದ, ಗ್ಯಾರೇಜುಗಳಿಂದ, ಗಟಾರಗಳಿಂದ ಮಳೆನೀರಿನೊಡನೆ ಹೋಗುವ ಎಣ್ಣೆಯದು. ನಮ್ಮಲ್ಲಿ ಟ್ರ್ಯಾಕ್ಟರು, ಮೋಟಾರುಬಂಡಿಗಳಿಲ್ಲದ ಓಣಿಯಿಲ್ಲ. ಇಂಜಿನ್ನಿನಿಂದ ಇಳಿಸಿದ ಕರಿಯ ಎಣ್ಣೆಯನ್ನು ಹಿತ್ತಲ ಕಾಲುವೆಗೆ ಸುರುವಿದರೆ ಅದು ಹಳ್ಳಕ್ಕೆ ಹೋಗುವದು. ಹಳ್ಳವು ಹೊಳೆಗೆ, ಹೊಳೆಯು ಕೃಷ್ಣೆಗೆ. ದಾರಿಯಲ್ಲಿ ಒಂದಷ್ಟು ಅರಗಿತು. ಒಂದಷ್ಟು ಕೆರೆಯ ರಾಡಿಯಲ್ಲಿ, ಅಳಿವೆಯ ರಾಡಿಯಲ್ಲಿ ಹಗೇವು ಸೇರಿತು. ಅಂಥ ರಾಡಿಯಲ್ಲಿ ಚಿಪ್ಪಿನ ಜೀವಿಗಳನ್ನು ಆಯ್ದು, ಮಾರಿ, ಸಂಜೆಗೆ ಒಲೆ ಹೊತ್ತಿಸುವ ತಾಯಂದಿರು ಎರಡೂ ದಂಡೆಗಳಲ್ಲಿರುವರು. ನಮ್ಮ ಮುಖವನ್ನು ಅವರು ಕಂಡಿಲ್ಲ. ನಮ್ಮ ಎಣ್ಣೆಯನ್ನು ಕಾಣಬಹುದು.

ನಮ್ಮ ಮನೆಯಲ್ಲಿ ಈಗ ಹಳೆಯ ಡಬ್ಬಿಯೊಂದನ್ನು ಕೊಟ್ಟಿಗೆಯ ಮೂಲೆಯಲ್ಲಿಟ್ಟಿರುವೆವು. ಇಳಿಸಿದ ಎಣ್ಣೆಯೆಲ್ಲ ಅದರೊಳಗೆ. ತುಂಬಿದ ಮೇಲೆ, ಹಳೆಯ ಎಣ್ಣೆಯನ್ನು ಕೂಡಿಸಿ ಶುದ್ಧಿಗೆ ಕಳಿಸುವವರಿಗೆ ಕೊಡುವದು. ಇದಕ್ಕೆ ಖರ್ಚಿಲ್ಲ, ವಿದ್ಯೆ ಬೇಕಿಲ್ಲ. ಮನೆಯ ಗಂಡಸರು ಮರೆತಲ್ಲಿ ಹೆಂಗಸರು ನೆನಪು ಮಾಡಿಕೊಟ್ಟರೆ ಸಾಕು. ಸೂಕ್ಷ್ಮಜೀವಿಗಳು ತಮ್ಮ ಪಾಲಿನ ದುಡಿಮೆಯನ್ನು ಯಾರೂ ಹೇಳದೆಯೇ ಮಾಡುತ್ತಿವೆ. ಅವುಗಳ ಮೇಲೆ ಹೊರೆ ಹೊರಿಸದಿರುವದು ನಮ್ಮ ಪಾಲಿನದು. ನಮ್ಮ ಹಿರಿಯರು ನೆಲದೊಳಗೆ ಜೋಳವನ್ನಿಟ್ಟು ಹೋದರು. ಬರಗಾಲದಲ್ಲಿ ತೆಗೆದವರು ಉಂಡು ಅವರನ್ನು ನೆನೆದರು. ನಾವು ಇಟ್ಟದ್ದನ್ನೂ ಮುಂದೆ ಯಾರಾದರೂ ತೆಗೆಯುವರಷ್ಟೆ.