ಮಲಪ್ರಭೆಯ ದಂಡೆಯಲ್ಲಿ ಮನ್ಸೂರರ ದನಿ

ಹಿಂದಿನ ರಾತ್ರಿ ಧಾರವಾಡದ ಗೆಳೆಯರ ಮನೆಯಲ್ಲಿ ‘ರಸಯಾತ್ರಾ’ ನೋಡಿದ್ದೆ. ಹಿಂದೂಸ್ತಾನಿ ಗಾಯಕ ಮಲ್ಲಿಕಾರ್ಜುನ ಮನ್ಸೂರರ ಬಗ್ಗೆ ನಂದನ್ ಕುಧ್ಯಾಡಿ ತೆಗೆದ ಪುಟ್ಟ ಚಿತ್ರ. 1994ರ ಸಾಲಿನ ರಾಷ್ಟ್ರಪ್ರಶಸ್ತಿ ಪಡೆದದ್ದು. ಬೆಳಿಗ್ಗೆ ಮುನವಳ್ಳಿಗೆ ಹೊರಟಾಗಲೂ ಆ ದನಿ ಕಿವಿ ಬಿಟ್ಟಿರಲಿಲ್ಲ.

ಬಸ್ಸಿನ ತುಂಬ ಎಲ್ಲಮ್ಮನ ಗುಡ್ಡಕ್ಕೆ ಹೊರಟವರು. ಸೀಟಿನ ಕಂಬಿಗೆಲ್ಲ ಭಂಡಾರ ಮೆತ್ತಿ, ಅದನ್ನು ಹಿಡಿದ ನನ್ನ ಅಂಗೈಯೂ ಹಳದಿ. ಸವದತ್ತಿಯಲ್ಲಿ ಅವರು ಇಳಿದ ಮೇಲೆ ಕಿಟಕಿಯಾಚೆ ಬರೀ ಎರೆಹೊಲ, ತೆನೆ ತೂಗುವ ಬಿಳಿಜೋಳ.

ಮುನವಳ್ಳಿಯ ಪಂಚಲಿಂಗೇಶ್ವರ ಗುಡಿಯೊಳಗೆ ಕಾಲಿಟ್ಟರೆ ಅಂಗಾಲು ಜುಮ್ಮೆನ್ನುವ ತಂಪು. ಅಲ್ಲಿಂದ ಹೊಳೆಗಿಳಿದೆ. 1800ರ ಜುಲೈ ಕೊನೆಯಲ್ಲಿ ಬ್ರಿಟಿಷ್ ಸೇನಾನಿ ವೆಲ್ಲೆಸ್ಲಿಯ ಸೈನ್ಯ ಬಂಡುಕೋರ ಧೊಂಡಿಯ ವಾಘನ ಪಾಳೆಯದ ಮೇಲೆ ಬಿದ್ದದ್ದು ಇಲ್ಲೇ. ಎಷ್ಟೋ ಜನ ಮಳೆಗಾಲದ ಮಲಪ್ರಭೆಗೆ ನುಗ್ಗಿ ಕೊಚ್ಚಿಹೋದರು. ಈಗ ನೀರು ಗಾಳಿಗೆ ಸುಕ್ಕುಗಟ್ಟುತ್ತ ಸುಮ್ಮನಿದೆ. ಮೇಲುಗಡೆ, ಹೊಳೆ ಗುಡ್ಡ ಸೀಳಿಕೊಂಡು ಬರುವ ನವಿಲುತೀರ್ಥದಲ್ಲಿ, 1970ರ ದಶಕದಿಂದ ಅಣೆಕಟ್ಟು ಅದನ್ನು ತಡೆದು ನಿಲ್ಲಿಸಿದೆ. ಹಿನ್ನೀರಿನಡಿ ಎಷ್ಟೋ ಊರುಗಳ ಓಣಿ, ಕಟ್ಟೆ, ಬಾವಿ.

ಕಲ್ಲಿನ ಮೇಲೆ ಕೂತು ಫೋನಿನಲ್ಲಿ ಮನ್ಸೂರರ ವಚನವೊಂದನ್ನು ಹಚ್ಚಿದೆ.

ಧಾರವಾಡದ ಮಗ್ಗುಲಿನ ಮನ್ಸೂರಿನ ಒಕ್ಕಲುತನದ ಮನೆಯಲ್ಲಿ 1910ರ ಕೊನೆಯ ದಿನ ಹುಟ್ಟಿದ ಹುಡುಗ ನಾಟಕ ಕಂಪನಿ ಸೇರಿ, ನೀಲಕಂಠ ಬುವಾ ಅವರಲ್ಲಿ ಕಲಿತು, ಮುಂಬಯಿಯಲ್ಲಿ ಮಂಜಿಖಾನರ, ಅವರು ತೀರಿಕೊಂಡ ಮೇಲೆ ಭುರ್ಜಿಖಾನರ ಕೈಗೆ ಬಿದ್ದ. ಜೈಪುರ ಘರಾಣೆಯ ಬಿಗಿಯೆಲ್ಲ ಆ ಕಂಠಕ್ಕೆ ಬಂತು. ಒಂದು ತಾನ ಮುಗಿಯಿತೆನ್ನುವಷ್ಟರಲ್ಲಿ ಅದರ ಬಾಲ ಹಿಡಿದೇ ಇನ್ನೊಂದು ಎದ್ದಿರುತ್ತದೆ. ಉಸಿರು ಎಲ್ಲಿ ತಗೊಂಡರೆಂದು ಹುಡುಕಿದರೂ ಸಿಗುವುದಿಲ್ಲ. ಇಷ್ಟಾಗಿಯೂ ವಚನಕ್ಕೆ ಬಂದರೆ ಮಾತು ನಮ್ಮ ಹೊಲದ ಬದುವಿನದೇ. ನನಗೆ ಅವರಷ್ಟು ಹತ್ತಿರದವರು ಬೇರೆ ಗಾಯಕರಿಲ್ಲ. 1992ರ ಸೆಪ್ಟೆಂಬರಿನಲ್ಲಿ ಆ ಉಸಿರು ನಿಂತಿತು ಎಂಬುದನ್ನು ಈ ದಂಡೆಯಲ್ಲಿ ನಂಬಲಾಗಲಿಲ್ಲ.

ಎಮ್ಮೆ ಹೊಡೆದುಕೊಂಡು ಬಂದ ಹಿರಿಯರೊಬ್ಬರು ಬಡಿಗೆಯೂರಿ ನಿಂತರು. ‘ಮನ್ಸೂರ ಅಜ್ಜಾರ ದನಿ ಅಲ್ರೀ?’

ಹೌದೆಂದೆ.

‘ಧಾರವಾಡ ರೇಡಿಯೋದಾಗ ಬರತಿತ್ತು. ಅದು ಮುಗಿಯೂತನಾ ನಮ್ಮಪ್ಪ ಹೊಲಕ್ಕ ಹೋಗತಿದ್ದಿಲ್ಲ. ಎತ್ತು ಹೂಡಿ ಹಂಗಽ ನಿಂದರಸತಿದ್ದ.’

ವಚನ ಮುಗಿಯಿತು. ಅವರು ಹೆಗಲ ಮೇಲಿನ ಟವೆಲು ಕಲ್ಲಿಗೆ ಹಾಸಿ ಕೂತು, ‘ಇನ್ನೊಮ್ಮೆ ಹಚ್ಚರಿ’ ಎಂದರು. ಎಮ್ಮೆಗಳು ಆಗಲೇ ಕೊರಳತನಕ ನೀರಿಗಿಳಿದಿದ್ದವು.