ತುಟಿ ಬಿಚ್ಚದವನ ಮುಂದೆ ಕ್ಯಾಮೆರಾ

ಪೀಣ್ಯದ ಶೆಡ್ಡೊಂದರಲ್ಲಿ ಪವರ್ ಪ್ರೆಸ್ಸು ನಮ್ಮ ಜೊತೆಯ ಹುಡುಗನ ಎರಡು ಬೆರಳು ತಿಂದಾಗ ನಾವು ಐದು ಜನ ಅಲ್ಲೇ ಇದ್ದೆವು. ಸೇಫ್ಟಿ ಸೆನ್ಸರು ಬಿಚ್ಚಿಟ್ಟು ವಾರವಾಗಿತ್ತು. ಅದಿದ್ದರೆ ಕೆಲಸ ನಿಧಾನವಂತೆ. ವಿಚಾರಣೆಗೆ ಬಂದ ಸಾಹೇಬರು, "ಸೆನ್ಸರ್ ಕೆಲ್ಸ ಮಾಡ್ತಿತ್ತೇನ್ರಪ್ಪಾ?" ಅಂದರು. ನಾವು ನೆಲ ನೋಡಿದೆವು. ಗುತ್ತಿಗೆಯವರು. ನಮ್ಮ ಕೇರಿಗೇ ಮೊದಲನೆಯದಾದ ಡಿಗ್ರಿ ಸರ್ಟಿಫಿಕೇಟು ರೂಮಿನ ಟ್ರಂಕಿನಲ್ಲಿತ್ತು.

ಆ ವಾರವೇ ಐದೂ ತಲೆ ಒಂದೇ ಮೊಬೈಲಿಗೆ ಬಗ್ಗಿಸಿ 'ಆಕ್ರೋಶ್' ನೋಡಿದ್ದು. 1980ರ ಹಿಂದಿ ಚಿತ್ರ. ಗೋವಿಂದ ನಿಹಲಾನಿ ನಿರ್ದೇಶಿಸಿದ ಮೊದಲನೆಯದು, ಕ್ಯಾಮೆರಾವೂ ಅವರದೇ. ಹೆಂಡತಿಯನ್ನು ಕೊಂದನೆಂಬ ಸುಳ್ಳು ಆರೋಪ ಹೊತ್ತ ಆದಿವಾಸಿ ಲಹಾನ್ಯಾ ಭಿಕು. ವಕೀಲ ಎಷ್ಟು ಗೋಗರೆದರೂ ತುಟಿ ಬಿಚ್ಚಲ್ಲ. ಓಂ ಪುರಿಯ ಆ ಮುಖದ ಮೇಲೆ ಕ್ಯಾಮೆರಾ ಕೂತೇ ಬಿಡುತ್ತದೆ, ಏಳುವುದೇ ಇಲ್ಲ. ನಮ್ಮಲ್ಲೊಬ್ಬ, "ಮಾತಾಡೋ ಬಡ್ಡೀಮಗ್ನೇ" ಎಂದು ಬೈದ. ಆಮೇಲೆ ಯಾರೂ ಯಾರ ಮುಖವನ್ನೂ ನೋಡಲಿಲ್ಲ.

ಈ ನಿಹಲಾನಿ ಕಸುಬು ಕಲಿತದ್ದು ನಮ್ಮ ಬೆಂಗಳೂರಿನಲ್ಲಿ! 1940ರಲ್ಲಿ ಕರಾಚಿಯಲ್ಲಿ ಹುಟ್ಟಿ, ದೇಶ ಒಡೆದಾಗ ನೆಲೆ ಕಳಕೊಂಡು ಬಂದ ಮನೆಯ ಹುಡುಗ. 1962ರಲ್ಲಿ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣ ಮುಗಿಸಿ, ವಿ.ಕೆ. ಮೂರ್ತಿಯವರ ಕೈಕೆಳಗೆ ದುಡಿದರು. ಗುರುದತ್ತರ 'ಕಾಗಜ್ ಕೆ ಫೂಲ್'ಗೆ (1959) ಬೆಳಕು ಕೊಟ್ಟ ನಮ್ಮ ಮೈಸೂರಿನ ಮೂರ್ತಿ. ಅವರೂ ಅದೇ ಪಾಲಿಟೆಕ್ನಿಕ್ಕಿನವರು. ಕಾರ್ನಾಡರ 'ಕಾಡು' (1973), ಬೆನಗಲ್ಲರ 'ಅಂಕುರ್' (1974), 'ಮಂಥನ್' (1976), ಇವಕ್ಕೆಲ್ಲ ನಿಹಲಾನಿಯದೇ ಕ್ಯಾಮೆರಾ. ಪ್ರಶಸ್ತಿಗಳ ಪಟ್ಟಿ ಬೇಡ, ಬಂದಿವೆ. ಆ ಸಿನಿಮಾ ತರಗತಿ ಈಗ ಹೆಸರಘಟ್ಟದಲ್ಲಿದೆ. ಎಂಟನೇ ಮೈಲಿಯಲ್ಲಿ ತಿರುಗುವ ಬಸ್ಸನ್ನು ನಾವು ದಿನಾ ನೋಡುತ್ತೇವೆ, ಹತ್ತಿದವರಿಲ್ಲ.

ಜಗಳವೂ ಉಂಟು. ಲಹಾನ್ಯಾನ ಕತೆ ನಮಗೆ ತಿಳಿಯುವುದು ಕುಲಕರ್ಣಿ ಎಂಬ ವಕೀಲನ ಕಣ್ಣಿನಿಂದ. ಅದಿರಲಿ. ಕೊನೆಗೆ ಕೊಡಲಿ ಎತ್ತಿದವನು ಹೆಂಡತಿಯನ್ನು ಕೆಡಿಸಿ ಕೊಂದ ದೊಡ್ಡವರ ಮೇಲೆ ಬೀಸಲಿಲ್ಲ. ಅಪ್ಪನ ಚಿತೆಯ ಹತ್ತಿರ ನಿಂತಿದ್ದ ಸ್ವಂತ ತಂಗಿಯ ಮೇಲೆ ಬೀಸಿದ. ಅವಳಿಗೂ ಅದೇ ಗತಿ ಬರಬಾರದೆಂದು. ಆಮೇಲೇ ಅವನ ಬಾಯಿಂದ ಆ ಕೂಗು ಬಂದದ್ದು. "ಇದ್ಯಾವ ಸೀಮೆ ಆಕ್ರೋಶ? ನಮ್ಮೋರ್ನೇ ನಾವು ಕೊಲ್ಲೋದಾ?" ಎಂದು ಒಬ್ಬ. "ನಾವು ಸಾಹೇಬ್ರ ಮುಂದೆ ಮಾಡಿದ್ದೇನು ಮತ್ತೆ?" ಎಂದು ಇನ್ನೊಬ್ಬ. ಬೆಳಗಿನ ಶಿಫ್ಟಿನ ತನಕ ಕಿತ್ತಾಡಿದೆವು.

ಈಗ ಒಂದು ಅರ್ಜಿ ಬರೆದಿದ್ದೇವೆ, ಸೆನ್ಸರ್ ಬಿಚ್ಚಿಟ್ಟಿದ್ದರು ಎಂದು. ಐದರಲ್ಲಿ ಮೂರು ಸಹಿ ಬಿದ್ದಿವೆ.